ಸೆರೆಯಿಂದ ಮರಳಿದವರ ಕಥೆಯನ್ನು ಪರ್ಷಿಯಾದ ಕಡತದಂತೆ ಓದುವುದು ಹೇಗೆ

ಬಾಬಿಲೋನಿನ ಸೆರೆಯಿಂದ ಯೆಹೂದ್ಯರು ತಮ್ಮ ನಾಡಿಗೆ ಮರಳಿದ ಸಂಗತಿಯನ್ನು ಸ್ವತಃ ಓದಿ ತಿಳಿಯಲು ಹೊರಟ ಕನ್ನಡಿಗರ ಮೇಜಿನ ಮೇಲೆ ಸಾಮಾನ್ಯವಾಗಿ ಎರಡು ಪುಸ್ತಕಗಳಿರುತ್ತವೆ. ಒಂದು ಕನ್ನಡ ಬೈಬಲ್, ಇನ್ನೊಂದು ಪ್ರಾಚೀನ ಪ್ರಪಂಚದ ಇತಿಹಾಸವನ್ನು ಹೇಳುವ ಯಾವುದಾದರೂ ಪಠ್ಯ. ಎರಡನ್ನೂ ತೆರೆದ ಅರ್ಧ ಗಂಟೆಯೊಳಗೆ ತೊಡಕು ಶುರುವಾಗುತ್ತದೆ, ಏಕೆಂದರೆ ಒಂದರಲ್ಲಿರುವ ಅರಸರು ಇನ್ನೊಂದರಲ್ಲಿ ಇಲ್ಲವೇ ಇಲ್ಲವೆಂಬಂತೆ ತೋರುತ್ತದೆ. ಬಸವನಗುಡಿಯಲ್ಲಿ ಭಾನುವಾರ ಬೆಳಿಗ್ಗೆ ಸೇರುವ ನಮ್ಮ ಆರೇಳು ಮಂದಿಯ ಓದುಬಳಗದಲ್ಲಿ ಒಬ್ಬರು ಎರಡು ವಾರ ಅಹಷ್ವೇರೋಷನೂ ಕ್ಸೆರ್ಕ್ಸಿಸನೂ ಬೇರೆ ಬೇರೆ ಅರಸರೆಂದೇ ಟಿಪ್ಪಣಿ ಬರೆದುಕೊಂಡಿದ್ದರು. ಆ ಒಬ್ಬರು ನಾನೇ. ಆ ಎಡವಟ್ಟಿನಿಂದ ಕಲಿತದ್ದನ್ನೂ, ಮುಂದೆ ಓದುತ್ತ ಓದುತ್ತ ರೂಢಿಯಾದ ಕ್ರಮವನ್ನೂ ಇಲ್ಲಿ ಬರೆದಿದ್ದೇನೆ. ಎಜ್ರ ಮತ್ತು ನೆಹೆಮೀಯ ಎಂಬ ಎರಡು ಗ್ರಂಥಗಳು ಹೊರನೋಟಕ್ಕೆ ಭಕ್ತಿಯ ಕಥನಗಳಾದರೂ ಅವುಗಳ ಒಡಲಲ್ಲಿ ಅರ್ಜಿ, ವರದಿ, ಆಜ್ಞೆ, ಹೆಸರುಪಟ್ಟಿ, ಸಾಮಾನುಪಟ್ಟಿಗಳಂಥ ಕಚೇರಿಯ ಕಾಗದಗಳು ತುಂಬಿಕೊಂಡಿವೆ. ಆದ್ದರಿಂದ ಕಡತ ಓದುವವರ ಕಣ್ಣಿನಿಂದ ಅವುಗಳನ್ನು ನೋಡಿದರೆ ಸಾಮ್ರಾಜ್ಯ ನಡೆಯುತ್ತಿದ್ದ ಬಗೆಯೂ, ಮರಳಿದವರು ಅದರೊಳಗೆ ಗಿಟ್ಟಿಸಿಕೊಂಡ ಜಾಗವೂ ಒಟ್ಟಿಗೆ ಕಾಣುತ್ತವೆ.

ಮೊದಲು ಅರಸರ ಪಟ್ಟಿ

ನೋಟ್‌ಬುಕ್ಕಿನ ಮೊದಲ ಪುಟದಲ್ಲಿ ಅರಸರ ಹೆಸರುಗಳನ್ನು ಎರಡು ಸಾಲಾಗಿ ಬರೆದುಕೊಳ್ಳಿ. ಕನ್ನಡ ಬೈಬಲ್ಲಿನ ಕೋರೆಷನೇ ಪಠ್ಯಪುಸ್ತಕದ ಸೈರಸ್, ದಾರ್ಯಾವೆಷನೇ ಡೇರಿಯಸ್, ಅಹಷ್ವೇರೋಷನೇ ಕ್ಸೆರ್ಕ್ಸಿಸ್, ಅರ್ತಷಸ್ತನೇ ಆರ್ಟಾಕ್ಸೆರ್ಕ್ಸಿಸ್. ನಮ್ಮ ಬೈಬಲ್ಲು ಹೀಬ್ರೂ ರೂಪಗಳನ್ನು ಉಳಿಸಿಕೊಂಡಿತು, ಪಠ್ಯಗಳು ಗ್ರೀಕರ ರೂಪಗಳನ್ನು ಇಂಗ್ಲಿಷಿನ ಮೂಲಕ ಪಡೆದವು. ಪರ್ಷಿಯನ್ನರು ತಮ್ಮ ಅರಸನನ್ನು ಕುರುಷ್ ಎಂದೇ ಕರೆಯುತ್ತಿದ್ದುದರಿಂದ, ಹಳೆಯದಾಗಿ ಕೇಳಿಸುವ ಕೋರೆಷನೇ ಮೂಲಕ್ಕೆ ಹತ್ತಿರದವನು.

ಹೆಸರಿನ ಮುಂದೆ ಆಳ್ವಿಕೆಯ ಕಾಲ ಬರಲಿ. ಸೈರಸ್ ಬಾಬಿಲೋನನ್ನು ಹಿಡಿದದ್ದು ಕ್ರಿ.ಪೂ. 539ರ ಅಕ್ಟೋಬರಿನಲ್ಲಿ, ಅವನು ಸತ್ತದ್ದು 530ರಲ್ಲಿ. ಮಗ ಕ್ಯಾಂಬಿಸಿಸ್ 522ರವರೆಗೆ ಆಳಿ, ನಡುವೆ 525ರಲ್ಲಿ ಈಜಿಪ್ಟನ್ನು ಗೆದ್ದ. ಎಜ್ರ ಗ್ರಂಥದಲ್ಲಿ ಇವನ ಹೆಸರೇ ಇಲ್ಲ. ಡೇರಿಯಸ್ 522ರಿಂದ 486, ಕ್ಸೆರ್ಕ್ಸಿಸ್ 486ರಿಂದ 465, ಮೊದಲನೆಯ ಆರ್ಟಾಕ್ಸೆರ್ಕ್ಸಿಸ್ 465ರಿಂದ 424. ಪಟ್ಟಿಯ ನೆತ್ತಿಯ ಮೇಲೆ ಇನ್ನೆರಡು ವರ್ಷಗಳಿರಬೇಕು: ಬಾಬಿಲೋನಿನ ಅರಸ ನೆಬೂಕದ್ನೆಚ್ಚರನು ಯೆಹೂದದ ಅರಸ ಯೆಹೋಯಾಖೀನನನ್ನೂ ಅವನ ಪರಿವಾರವನ್ನೂ ಸೆರೆಯೊಯ್ದ 597, ಅವನ ಸೈನ್ಯ ಜೆರೂಸಲೇಮಿನ ದೇವಾಲಯವನ್ನು ಸುಟ್ಟ 586. ಎರಡನೆಯದನ್ನು 587 ಎಂದು ಎಣಿಸುವ ವಿದ್ವಾಂಸರೂ ಇದ್ದಾರೆ, ಅದಕ್ಕಾಗಿ ಗಾಬರಿಯಾಗಬೇಕಿಲ್ಲ.

ವರ್ಷ ತಿರುಗಿಸುವ ಲೆಕ್ಕ

ನಮ್ಮ ಶಾಸನಗಳನ್ನು ಓದಿದವರಿಗೆ ಶಕವರ್ಷಕ್ಕೆ 78 ಕೂಡಿಸಿ ಕ್ರಿಸ್ತಶಕ ಹೇಳುವ ಅಭ್ಯಾಸವಿರುತ್ತದೆ. ಇಲ್ಲಿನದು ಕಳೆಯುವ ಲೆಕ್ಕ. ಬಾಬಿಲೋನಿನ ಪದ್ಧತಿಯಲ್ಲಿ ಅರಸ ಪಟ್ಟಕ್ಕೆ ಬಂದ ವರ್ಷದ ಉಳಿದ ತಿಂಗಳುಗಳನ್ನು ಪಟ್ಟದ ವರ್ಷವೆಂದು ಬಿಟ್ಟು, ಮುಂದಿನ ನೀಸಾನ್ ಮಾಸದಿಂದ ಮೊದಲನೆಯ ವರ್ಷವನ್ನು ಎಣಿಸುತ್ತಿದ್ದರು. ನೀಸಾನ್ ನಮ್ಮ ಚೈತ್ರದ ಆಸುಪಾಸಿನಲ್ಲಿ ಬರುವ ಮಾಸವಾದ್ದರಿಂದ ಯುಗಾದಿಗೆ ಹೊಸ ವರ್ಷ ಹಿಡಿಯುವ ನಮಗೆ ಇದು ಬೇಗ ಒಗ್ಗುತ್ತದೆ. ಜನವರಿಗೆ ಒಗ್ಗಿದವರಿಗೆ ಸ್ವಲ್ಪ ಕಷ್ಟ. ಡೇರಿಯಸ್‌ನ ಆಳ್ವಿಕೆಯ ವರ್ಷವನ್ನು 522ರಿಂದ ಕಳೆಯಿರಿ, ಆರ್ಟಾಕ್ಸೆರ್ಕ್ಸಿಸ್‌ನದನ್ನು 465ರಿಂದ ಕಳೆಯಿರಿ. ಬರುವ ಉತ್ತರ ಆ ವರ್ಷದ ನೀಸಾನ್ ಮಾಸ ಬಿದ್ದ ಕ್ರಿಸ್ತಪೂರ್ವ ವರ್ಷ.

ಮಾಡಿ ನೋಡೋಣ. ದೇವಾಲಯದ ಕೆಲಸವನ್ನು ಮತ್ತೆ ಕೈಗೆತ್ತಿಕೊಳ್ಳಿರೆಂದು ಪ್ರವಾದಿ ಹಗ್ಗಾಯ ಒತ್ತಾಯಿಸಿದ್ದು ದಾರ್ಯಾವೆಷನ ಎರಡನೆಯ ವರ್ಷದ ಆರನೆಯ ತಿಂಗಳ ಮೊದಲನೆಯ ದಿನ. 522ರಲ್ಲಿ 2 ಕಳೆದರೆ 520. ನೀಸಾನಿನಿಂದ ಆರನೆಯ ತಿಂಗಳೆಂದರೆ ಆಗಸ್ಟ್ ಕೊನೆ. ದೇವಾಲಯ ಮುಗಿದದ್ದು ಅದೇ ಅರಸನ ಆರನೆಯ ವರ್ಷದ ಅದಾರ್ ಮಾಸದ ಮೂರನೆಯ ದಿನ. ಕಳೆದರೆ 516 ಬರುತ್ತದೆ, ಆದರೆ ಅನೇಕ ಪುಸ್ತಕಗಳು 515 ಎನ್ನುತ್ತವೆ. ತಪ್ಪು ಯಾರದೂ ಇಲ್ಲ. ಅದಾರ್ ವರ್ಷದ ಕೊನೆಯ ತಿಂಗಳು, ನಮ್ಮ ಫಾಲ್ಗುಣದ ಹಾಗೆ, ಆದ್ದರಿಂದ ಅದು ಮುಂದಿನ ಕ್ರಿಸ್ತಪೂರ್ವ ವರ್ಷದ ಮಾರ್ಚಿಗೆ ಜಾರಿತು. ಈ ಒಂದು ಜಾರಿಕೆಯನ್ನು ಕೈಯಾರೆ ಲೆಕ್ಕ ಹಾಕಿ ಕಂಡುಕೊಂಡವರು ಮುಂದೆ ಯಾವ ತೇದಿಗೂ ಹೆದರುವುದಿಲ್ಲ.

ಲೆಕ್ಕ ಕೂಡದ ಒಂದು ಜಾಗವೂ ಇದೆ. ನೆಹೆಮೀಯನ ಗ್ರಂಥದ ಮೊದಲನೆಯ ಅಧ್ಯಾಯದಲ್ಲಿ ಇಪ್ಪತ್ತನೆಯ ವರ್ಷದ ಕಿಸ್ಲೇವ್ ಮಾಸದಲ್ಲಿ, ಅಂದರೆ ನವೆಂಬರ್ ಡಿಸೆಂಬರ್ ಹೊತ್ತಿನಲ್ಲಿ, ಜೆರೂಸಲೇಮಿನ ಗೋಡೆ ಬಿದ್ದಿರುವ ಸುದ್ದಿ ಅರ್ತಷಸ್ತನ ಆಸ್ಥಾನದಲ್ಲಿದ್ದ ಅವನಿಗೆ ಶೂಷನ್ ಕೋಟೆಯಲ್ಲಿ ಮುಟ್ಟುತ್ತದೆ. ಎರಡನೆಯ ಅಧ್ಯಾಯದಲ್ಲಿ ಅದಾದ ಮೇಲೆ ಬಂದ ನೀಸಾನ್ ಮಾಸವೂ ಇಪ್ಪತ್ತನೆಯ ವರ್ಷದ್ದೇ ಎನ್ನಲಾಗಿದೆ. ನೀಸಾನಿಗೆ ವರ್ಷ ತಿರುಗಬೇಕಿತ್ತಲ್ಲವೇ? ಶರತ್ಕಾಲದಿಂದ ವರ್ಷ ಎಣಿಸುವ ಇನ್ನೊಂದು ಪದ್ಧತಿ ಇಲ್ಲಿದೆಯೆಂದು ಕೆಲವರು, ನಕಲು ಮಾಡಿದವರ ಕೈತಪ್ಪೆಂದು ಕೆಲವರು ವಾದಿಸುತ್ತಾರೆ. ಅಂಚಿನಲ್ಲಿ ಒಂದು ಪ್ರಶ್ನೆಯ ಗುರುತು ಹಾಕಿ ಮುಂದೆ ಹೋಗಿ.

ನಾಲ್ಕನೆಯ ಅಧ್ಯಾಯಕ್ಕೆ ಕತ್ತರಿ

ಎಜ್ರನ ನಾಲ್ಕನೆಯ ಅಧ್ಯಾಯವನ್ನು ನೇರವಾಗಿ ಓದಿದವರು ದಾರಿ ತಪ್ಪುವುದು ಖಂಡಿತ. ಐದನೆಯ ವಾಕ್ಯ ಕೋರೆಷನಿಂದ ದಾರ್ಯಾವೆಷನವರೆಗಿನ ಅಡ್ಡಿ ಆತಂಕಗಳನ್ನು ಹೇಳುತ್ತದೆ, ಆರನೆಯದು ಅಹಷ್ವೇರೋಷನ ಕಾಲಕ್ಕೆ ಹಾರುತ್ತದೆ, ಏಳರಿಂದ ಇಪ್ಪತ್ತಮೂರರವರೆಗೆ ಅರ್ತಷಸ್ತನ ಕಾಲದ ಪತ್ರವ್ಯವಹಾರ ನಡೆಯುತ್ತದೆ, ಇಪ್ಪತ್ತನಾಲ್ಕನೆಯ ವಾಕ್ಯ ಏನೂ ಆಗಿಲ್ಲವೆಂಬಂತೆ ದಾರ್ಯಾವೆಷನ ಎರಡನೆಯ ವರ್ಷಕ್ಕೆ ವಾಪಸು ಬರುತ್ತದೆ. ಆರರಿಂದ ಇಪ್ಪತ್ತಮೂರರವರೆಗಿನ ಭಾಗವನ್ನು ಜೆರಾಕ್ಸ್ ಮಾಡಿಸಿ, ಕತ್ತರಿಸಿ, ನೆಹೆಮೀಯನ ಮೊದಲನೆಯ ಅಧ್ಯಾಯದ ಪಕ್ಕದಲ್ಲಿ ಪಿನ್ನು ಹಾಕಿ ಇಡುವುದು ನಮ್ಮ ಬಳಗದ ಉಪಾಯ. ಆಗ ಆ ಪತ್ರಗಳು ದೇವಾಲಯದ ಬಗ್ಗೆ ಅಲ್ಲವೇ ಅಲ್ಲ, ಊರಿನ ಗೋಡೆಯ ಬಗ್ಗೆ ಇವೆಯೆಂಬುದು ಥಟ್ಟನೆ ಹೊಳೆಯುತ್ತದೆ. ಗ್ರಂಥವನ್ನು ಜೋಡಿಸಿದವನು ಕಾಲದ ಸರಣಿ ಬಿಟ್ಟು ವಿರೋಧದ ಕಾಗದಗಳನ್ನೆಲ್ಲ ಒಂದೇ ಕಟ್ಟಿನಲ್ಲಿ ಕಟ್ಟಿಟ್ಟಿದ್ದಾನೆ. ಹಳೆಯ ಗುಮಾಸ್ತರು ಕೆಲವರು ಹೀಗೆಯೇ ವಿಷಯವಾರು ಕಟ್ಟುತ್ತಿದ್ದರು.

ಭಾಷೆ ಬದಲಾಗುವ ಜಾಗವನ್ನೂ ಗುರುತು ಮಾಡಿಕೊಳ್ಳಿ. ನಾಲ್ಕನೆಯ ಅಧ್ಯಾಯದ ಎಂಟನೆಯ ವಾಕ್ಯದಿಂದ ಆರನೆಯ ಅಧ್ಯಾಯದ ಹದಿನೆಂಟನೆಯದರವರೆಗೂ, ಏಳನೆಯ ಅಧ್ಯಾಯದಲ್ಲಿ ಹನ್ನೆರಡರಿಂದ ಇಪ್ಪತ್ತಾರರವರೆಗೂ ಮೂಲದಲ್ಲಿರುವುದು ಹೀಬ್ರೂ ಅಲ್ಲ, ಸಾಮ್ರಾಜ್ಯದ ಆಡಳಿತ ಭಾಷೆಯಾಗಿದ್ದ ಅರಾಮಿಕ್. ಕನ್ನಡ ಅನುವಾದದಲ್ಲಿ ಈ ಹೊಲಿಗೆ ಕಾಣುವುದಿಲ್ಲ, ಪೆನ್ಸಿಲ್ಲಿನ ಗೆರೆಯಿಂದ ನಾವೇ ಕಾಣಿಸಿಕೊಳ್ಳಬೇಕು.

ಒಂದು ಕಡತ, ಆರಂಭದಿಂದ ಆಜ್ಞೆಯವರೆಗೆ

ಸಮಯ ಕಡಿಮೆಯಿದ್ದರೆ ಬೇರೆಲ್ಲ ಬಿಟ್ಟು ಎಜ್ರನ ಐದು ಮತ್ತು ಆರನೆಯ ಅಧ್ಯಾಯಗಳನ್ನು ಓದಿ. ಯೂಫ್ರೆಟಿಸ್ ನದಿಯಿಂದ ಪಶ್ಚಿಮಕ್ಕಿದ್ದ ನಾಡನ್ನೆಲ್ಲ ಪರ್ಷಿಯನ್ನರು ನದಿಯಾಚೆಯ ಪ್ರಾಂತವೆಂದು ಕರೆಯುತ್ತಿದ್ದರು, ಯೆಹೂದ್ ಅದರೊಳಗಿನ ಒಂದು ಚಿಕ್ಕ ಜಿಲ್ಲೆ. ಪ್ರಾಂತಾಧಿಪತಿ ತತ್ತೆನೈ ಸ್ಥಳ ತನಿಖೆಗೆ ಬಂದು, ಈ ಕಟ್ಟಡಕ್ಕೆ ಅಪ್ಪಣೆ ಕೊಟ್ಟವರು ಯಾರು, ನಿಮ್ಮ ಮುಖಂಡರ ಹೆಸರೇನು ಎಂದು ಕೇಳುತ್ತಾನೆ. ಹಿರಿಯರು ಕೋರೆಷನ ಆಜ್ಞೆಯಿದೆ, ಅವನು ನೇಮಿಸಿದ ಶೆಷ್ಬಚ್ಚರನು ಅಸ್ತಿವಾರ ಹಾಕಿದ ಎನ್ನುತ್ತಾರೆ. ಮೂರನೆಯ ಅಧ್ಯಾಯದಲ್ಲಿ ಅಸ್ತಿವಾರದ ಕೆಲಸ ನಡೆದದ್ದು ಜೆರುಬ್ಬಾಬೆಲ ಮತ್ತು ಯೇಷೂವರ ಮುಂದಾಳುತನದಲ್ಲಿ. ಕಚೇರಿಗೆ ಹೇಳಿಕೆ ಕೊಡುವಾಗ ಮಾತ್ರ ಹಿರಿಯರು ಅರಸನ ನೇಮಕಾತಿಯಿದ್ದವನ ಹೆಸರನ್ನೇ ಮುಂದೆ ಮಾಡಿದರೆಂದು ನನಗೆ ಅನಿಸುತ್ತದೆ. ತತ್ತೆನೈ ಕೆಲಸ ನಿಲ್ಲಿಸಲಿಲ್ಲ, ವರದಿ ಬರೆದು ಮೇಲಕ್ಕೆ ಕಳಿಸಿದ. ಈ ಅಧಿಕಾರಿ ಕಥೆಗಾರನ ಕಲ್ಪನೆಯಲ್ಲ; ನದಿಯಾಚೆಯ ಅಧಿಪತಿ ತತ್ತನ್ನು ಎಂಬ ಹೆಸರು ಕ್ರಿ.ಪೂ. 502ರ ಒಂದು ಬಾಬಿಲೋನಿನ ಜೇಡಿಮಣ್ಣಿನ ಫಲಕದಲ್ಲಿ ದೊರೆತಿದೆ.

ಆಮೇಲೆ ಹುಡುಕಾಟ. ಮೊದಲು ಬಾಬಿಲೋನಿನ ದಾಖಲೆಗಳ ಭಂಡಾರದಲ್ಲಿ ಹುಡುಕಲು ಆಜ್ಞೆಯಾಯಿತು, ಸುರುಳಿ ಸಿಕ್ಕಿದ್ದು ಮಾತ್ರ ಮೇದ್ಯ ನಾಡಿನ ಅಹ್ಮೆತಾ ಕೋಟೆಯಲ್ಲಿ, ಅಂದರೆ ಗ್ರೀಕರ ಎಕ್ಬತಾನಾ, ಈಗಿನ ಇರಾನಿನ ಹಮದಾನ್. ನಮ್ಮ ಅಜ್ಜನ ಕಾಲದ ಒಂದು ಕ್ರಯಪತ್ರಕ್ಕಾಗಿ ಒಂದು ಕಚೇರಿಯ ದಾಖಲೆ ಕೊಠಡಿಯಲ್ಲಿ ಮೂರು ದಿನ ಧೂಳು ಕುಡಿದು, ಕೊನೆಗೆ ಅದು ಇನ್ನೊಂದೇ ಊರಿನ ಕಚೇರಿಯಲ್ಲಿ ಸಿಕ್ಕ ಅನುಭವ ನನಗಿರುವುದರಿಂದ, ಈ ಪುಟ ಓದಿದಾಗಲೆಲ್ಲ ಆ ಹೆಸರಿಲ್ಲದ ಪರ್ಷಿಯನ್ ಗುಮಾಸ್ತನ ಮೇಲೆ ಕನಿಕರ ಉಕ್ಕುತ್ತದೆ.

ಸಿಕ್ಕ ಸುರುಳಿಯ ಒಕ್ಕಣೆಯನ್ನು ಒಂದನೆಯ ಅಧ್ಯಾಯದಲ್ಲಿ ಕೋರೆಷ ಹೊರಡಿಸಿದ ಡಂಗುರದ ಪಕ್ಕದಲ್ಲಿಟ್ಟು ನೋಡಿ. ಡಂಗುರ ಹೀಬ್ರೂವಿನಲ್ಲಿದೆ, ಪರಲೋಕದ ದೇವರೇ ತನಗೆ ಭೂರಾಜ್ಯಗಳನ್ನು ಕೊಟ್ಟನೆಂದು ಕೋರೆಷನ ಬಾಯಿಂದ ಹೇಳಿಸುತ್ತದೆ, ಜನರು ಹೊರಡಲಿ ಎನ್ನುತ್ತದೆ. ಅರಾಮಿಕ್ ಜ್ಞಾಪನದಲ್ಲಿ ಜನರು ಮರಳುವ ಮಾತೇ ಇಲ್ಲ. ಎತ್ತರ 60 ಮೊಳ, ಅಗಲ 60 ಮೊಳ, ಮೂರು ಸಾಲು ಕಲ್ಲು, ಒಂದು ಸಾಲು ಮರ, ಖರ್ಚು ಅರಮನೆಯದು, ದೇವಾಲಯದ ಪಾತ್ರೆಗಳು ವಾಪಸಾಗಲಿ, ಅಷ್ಟೇ. ಉದ್ದ ಎಷ್ಟೆಂದು ಬರೆದಿಲ್ಲ! ಸೊಲೊಮೋನನ ದೇವಾಲಯ 60 ಮೊಳ ಉದ್ದ, 20 ಅಗಲ, 30 ಎತ್ತರ ಇತ್ತೆಂದು ಅರಸುಗಳ ಮೊದಲನೆಯ ಗ್ರಂಥ ಹೇಳುವುದರಿಂದ, ನಕಲಿನಲ್ಲಿ ಇಲ್ಲಿನ ಅಂಕಿಗಳು ಕಲಸಿಹೋಗಿರಬೇಕೆಂದು ಅನೇಕರು ಊಹಿಸುತ್ತಾರೆ. ಒಂದೇ ಅನುಮತಿ ಜನರ ಕಿವಿಗೆ ಒಂದು ರೀತಿಯಲ್ಲೂ ಖಜಾನೆಯ ಕಡತಕ್ಕೆ ಇನ್ನೊಂದು ರೀತಿಯಲ್ಲೂ ಇಳಿಯುವುದು ಆಡಳಿತ ಬಲ್ಲವರಿಗೆ ಹೊಸದಲ್ಲ. ಡೇರಿಯಸ್ ಅದನ್ನು ಎತ್ತಿಹಿಡಿದು, ಖರ್ಚನ್ನು ನದಿಯಾಚೆಯ ಕಂದಾಯದಿಂದಲೇ ಕೊಡಿ, ಹೋರಿ, ಟಗರು, ಗೋಧಿ, ಉಪ್ಪು, ದ್ರಾಕ್ಷಾರಸ, ಎಣ್ಣೆ ಒದಗಿಸಿ, ಅವರು ಅರಸನ ಮತ್ತು ಅವನ ಮಕ್ಕಳ ಆಯುಸ್ಸಿಗಾಗಿ ಪ್ರಾರ್ಥಿಸಲಿ, ಆಜ್ಞೆ ಮೀರಿದವನನ್ನು ಅವನ ಮನೆಯಿಂದಲೇ ಕಿತ್ತ ತೊಲೆಗೆ ಏರಿಸಿ ಎಂದು ಬರೆಸಿದ. ಜೈನರ ಅರ್ಜಿಯ ಮೇಲೆ ಬುಕ್ಕರಾಯ 1368ರಲ್ಲಿ ಶ್ರವಣಬೆಳಗೊಳದಲ್ಲಿ ಹಾಕಿಸಿದ ಶಾಸನವನ್ನು ಓದಿದವರಿಗೆ ಅರ್ಜಿ, ವಿಚಾರಣೆ, ಆಜ್ಞೆ, ಮೀರಿದವರಿಗೆ ಎಚ್ಚರಿಕೆ ಎಂಬ ಈ ನಡೆ ಪರಿಚಿತವೆನಿಸೀತು.

ಸಿಲಿಂಡರನ್ನು ಪ್ರಶಸ್ತಿಯಂತೆ ಓದಿ

ಸೈರಸ್ ಸಿಲಿಂಡರ್ ಎಂಬ, ಸುಮಾರು 22 ಸೆಂಟಿಮೀಟರ್ ಉದ್ದದ ಸುಟ್ಟ ಜೇಡಿಮಣ್ಣಿನ ಉರುಳೆಯನ್ನು 1879ರಲ್ಲಿ ಹೊರ್ಮುಜ್ದ್ ರಸ್ಸಾಮ್ ಬಾಬಿಲೋನಿನ ಅವಶೇಷಗಳಲ್ಲಿ ಪತ್ತೆಮಾಡಿದ. ಅದು ಲಂಡನ್ನಿನ ಬ್ರಿಟಿಷ್ ಮ್ಯೂಸಿಯಮ್ಮಿನಲ್ಲಿದೆ, 2013ರ ಕೊನೆಯಲ್ಲಿ ಮುಂಬಯಿಗೂ ಪ್ರದರ್ಶನಕ್ಕೆ ಬಂದಿತ್ತು. 1971ರಲ್ಲಿ ಇರಾನ್ ಇದರ ಪ್ರತಿಕೃತಿಯೊಂದನ್ನು ವಿಶ್ವಸಂಸ್ಥೆಗೆ ಕೊಟ್ಟಂದಿನಿಂದ ಇದು ಮಾನವ ಹಕ್ಕುಗಳ ಮೊದಲ ಸನ್ನದು ಎಂಬ ಮಾತು ಹಬ್ಬಿತು. ಈ ಮಾತನ್ನು ಬದಿಗಿಟ್ಟು, ನಮ್ಮ ತಾಮ್ರಪಟಗಳಲ್ಲಿ ಪ್ರಶಸ್ತಿಯ ಭಾಗವನ್ನು ಹೇಗೆ ಓದುತ್ತೇವೋ ಹಾಗೆ ಓದಿ. ನೃಪತುಂಗ ರಸ್ತೆಯಲ್ಲಿರುವ, 1909ರಲ್ಲಿ ಆರಂಭವಾದ ಮಿಥಿಕ್ ಸೊಸೈಟಿಯ ಕಡೆ ಹೋದಾಗ ಯಾವುದಾದರೊಂದು ದಾನಶಾಸನದ ಪಾಠವನ್ನು ತೆಗೆದು, ಅರಸನ ಬಿರುದಾವಳಿ ಎಲ್ಲಿ ಮುಗಿದು ದಾನದ ವಿವರ ಎಲ್ಲಿ ಆರಂಭವಾಗುತ್ತದೆಂದು ಗೆರೆ ಎಳೆದು ಅಭ್ಯಾಸ ಮಾಡಿ, ಆಮೇಲೆ ಸಿಲಿಂಡರಿಗೆ ಬನ್ನಿ.

ಆ ಪಠ್ಯದಲ್ಲಿ ಹಿಂದಿನ ಅರಸ ನಬೊನಿಡಸ್ ಕೆಟ್ಟವ, ಅವನ ಮೇಲೆ ಮುನಿದ ಮರ್ದೂಕ್ ದೇವರು ಸೈರಸ್‌ನ ಕೈಹಿಡಿದು ಬಾಬಿಲೋನಿಗೆ ಕರೆತಂದ, ಯುದ್ಧವಿಲ್ಲದೆ ಊರು ಕೈಸೇರಿತು. ಮುಂದೆ ಸೈರಸ್ ತಾನು ಟೈಗ್ರಿಸ್ ಆಚೆಯ ಊರುಗಳ ದೇವತೆಗಳನ್ನು ಅವರವರ ಸ್ಥಾನಕ್ಕೆ ಮರಳಿಸಿದೆನೆಂದೂ ಅಲ್ಲಿನ ಜನರನ್ನು ಒಟ್ಟುಗೂಡಿಸಿದೆನೆಂದೂ, ಆ ದೇವತೆಗಳು ತನ್ನ ದೀರ್ಘಾಯುಸ್ಸಿಗಾಗಿ ದಿನವೂ ಬಿನ್ನವಿಸಲೆಂದೂ ಹೇಳಿಸುತ್ತಾನೆ. ಯೆಹೂದವಾಗಲಿ ಜೆರೂಸಲೇಮಾಗಲಿ ಅದರಲ್ಲಿ ಎಲ್ಲೂ ಬರುವುದಿಲ್ಲ. ಹಾಗಾದರೆ ಸಿಲಿಂಡರ್ ನಮಗೆ ಏಕೆ ಬೇಕು? ಮರ್ದೂಕನ ಭಕ್ತರ ಮುಂದೆ ಮರ್ದೂಕನ ಆಯ್ಕೆಯಾಗಿ ನಿಂತ ಅರಸ, ಜೆರೂಸಲೇಮಿನವರ ಮುಂದೆ ಅವರ ದೇವರ ಆಯ್ಕೆಯಾಗಿ ನಿಲ್ಲುವುದು ಸಾಧ್ಯವಿತ್ತೆಂದು ಅದು ತೋರಿಸುತ್ತದೆ. ಯೆಶಾಯ ಗ್ರಂಥದ 45ನೆಯ ಅಧ್ಯಾಯ ಕೋರೆಷನನ್ನು ದೇವರ ಅಭಿಷಿಕ್ತನೆಂದು ಕರೆದಿದೆ. ದಾವೀದನ ವಂಶದವರಿಗೆ ಸಲ್ಲುತ್ತಿದ್ದ ಮಾತು ಹೊರಗಿನ ಅರಸನಿಗೆ ಸಂದಿತು. ಆಯುಸ್ಸಿಗಾಗಿ ಪ್ರಾರ್ಥಿಸಲಿ ಎಂಬ ಮಾತು ಸಿಲಿಂಡರಿನಲ್ಲೂ ಇದೆ, ಡೇರಿಯಸ್‌ನ ಆಜ್ಞೆಯಲ್ಲೂ ಇದೆ. ಎರಡರ ಕೆಳಗೂ ಒಂದೇ ಬಣ್ಣದ ಗೆರೆ ಎಳೆಯಿರಿ.

ಅಂಕಿಗಳನ್ನು ಕೂಡಿ ನೋಡಿ

ಎಜ್ರನ ಎರಡನೆಯ ಅಧ್ಯಾಯದಲ್ಲಿರುವ, ಮರಳಿದವರ ಪಟ್ಟಿಯನ್ನು ಸಾಮಾನ್ಯವಾಗಿ ಎಲ್ಲರೂ ಹಾರಿಸುತ್ತಾರೆ. ಕ್ಯಾಲ್ಕುಲೇಟರ್ ಹಿಡಿದು ಕೂಡಿ. ಕೊನೆಯಲ್ಲಿ ಕೊಟ್ಟ ಮೊತ್ತ 42,360. ಬಿಡಿ ಸಂಖ್ಯೆಗಳನ್ನು ಕೂಡಿದರೆ 29,818. ಇದೇ ಪಟ್ಟಿ ನೆಹೆಮೀಯನ ಏಳನೆಯ ಅಧ್ಯಾಯದಲ್ಲಿ ಮತ್ತೆ ಬಂದಾಗ ಬಿಡಿಗಳು 31,089 ಆಗುತ್ತವೆ, ಮೊತ್ತ ಮಾತ್ರ ಅದೇ 42,360. ಅಜ್ಗಾದನ ಸಂತತಿಯವರು ಒಂದರಲ್ಲಿ 1,222, ಇನ್ನೊಂದರಲ್ಲಿ 2,322. ಗಾಯಕರು ಒಂದರಲ್ಲಿ 200, ಇನ್ನೊಂದರಲ್ಲಿ 245. ನಮ್ಮಲ್ಲಿ ಬ್ಯಾಂಕಿನಿಂದ ನಿವೃತ್ತರಾದವರೊಬ್ಬರು ಈ ಕೂಡಿಕೆಗೇ ಒಂದು ಇಡೀ ಭಾನುವಾರ ಕೊಟ್ಟು, ಆಡಿಟ್ ಆಗದ ಲೆಕ್ಕವೆಂದು ಷರಾ ಬರೆದರು. ಒಂದೇ ಸಲಕ್ಕೆ ಹೊರಟ ದಂಡಿನ ಎಣಿಕೆಗಿಂತ, ದಶಕಗಳಲ್ಲಿ ಬಂದು ಸೇರಿದವರ ಮನೆತನಗಳನ್ನೂ ಊರುಗಳನ್ನೂ ದಾಖಲಿಸಿದ ಪಟ್ಟಿಯಾಗಿ ಇದು ಹೆಚ್ಚು ಒಪ್ಪುತ್ತದೆ ಎಂದು ನನ್ನ ಎಣಿಕೆ. ಹಕ್ಕು ಯಾರದು, ಭೂಮಿ ಯಾರದು, ಯಾಜಕ ಯಾರು ಎಂಬ ಪ್ರಶ್ನೆಗಳಿಗೆ ಇಂಥ ಪಟ್ಟಿ ಬೇಕಾಗುತ್ತದೆ.

ಹೊರಡದವರನ್ನೂ ಮರೆಯಬೇಡಿ. ಬಾಬಿಲೋನಿಯಾದ ಅಲ್ ಯಾಹೂದು, ಎಂದರೆ ಯೆಹೂದದ ಊರು, ಎಂಬ ಹಳ್ಳಿಗೂ ಅದರ ಸುತ್ತಮುತ್ತಲಿಗೂ ಸಂಬಂಧಿಸಿದ ಫಲಕಗಳು ಕ್ರಿ.ಪೂ. 572ರಿಂದ 477ರವರೆಗಿನವು, ಸೈರಸ್ ಬಂದು ಹೋದ ಮೇಲೂ ಅಲ್ಲಿ ಯೆಹೂದ್ಯ ಹೆಸರಿನ ರೈತರು ಬಾರ್ಲಿ, ಖರ್ಜೂರದ ಲೆಕ್ಕ ಒಪ್ಪಿಸುತ್ತ, ಗುತ್ತಿಗೆ ಬರೆದುಕೊಡುತ್ತ ಇದ್ದರು.

ಕಂದಾಯದ ಕಡೆಯಿಂದ

ಉದಾರಿ ಸೈರಸ್‌ನ ಚಿತ್ರವೇ ಮನಸ್ಸಿನಲ್ಲಿ ಗಟ್ಟಿಯಾಗುವ ಮುನ್ನ ನೆಹೆಮೀಯನ ಐದನೆಯ ಅಧ್ಯಾಯವನ್ನು ಓದಿ. ಅರ್ತಷಸ್ತನ ಇಪ್ಪತ್ತನೆಯ ವರ್ಷ, ಅಂದರೆ 445. ಗೋಡೆ 52 ದಿನಗಳಲ್ಲಿ ಏಳುತ್ತಿರುವ ಕಥೆಯ ನಡುವೆ ಜನ ಗೋಳಿಡುತ್ತಾರೆ: ಅರಸನ ಕಂದಾಯಕ್ಕಾಗಿ ಹೊಲ, ದ್ರಾಕ್ಷಿತೋಟಗಳ ಮೇಲೆ ಸಾಲ ಮಾಡಿದ್ದೇವೆ, ಮಕ್ಕಳನ್ನು ಜೀತಕ್ಕೆ ಬಿಟ್ಟಿದ್ದೇವೆ. ಯೆಹೂದಿಗೆ ಅಧಿಪತಿಯಾಗಿ ಬಂದಿದ್ದ ನೆಹೆಮೀಯ ಬಡ್ಡಿಯನ್ನು ಬಿಡಿಸಿದ, ಒತ್ತೆಯಿಟ್ಟ ಹೊಲಗಳನ್ನು ವಾಪಸು ಕೊಡಿಸಿದ, ಹಿಂದಿನ ಅಧಿಪತಿಗಳು ವಸೂಲು ಮಾಡುತ್ತಿದ್ದ 40 ಶೆಕೆಲ್ ಬೆಳ್ಳಿಯನ್ನು ತಾನು ಹನ್ನೆರಡು ವರ್ಷ ಮುಟ್ಟಲಿಲ್ಲವೆಂದು ಹೇಳಿಕೊಂಡ. ಅರಸನ ಕಂದಾಯವನ್ನು ಇಳಿಸಿದನೆಂದು ಮಾತ್ರ ಎಲ್ಲೂ ಬರೆದಿಲ್ಲ, ಅದು ಅವನ ಕೈಯಲ್ಲಿರಲಿಲ್ಲ. ಗ್ರೀಕ್ ಇತಿಹಾಸಕಾರ ಹೆರೊಡೋಟಸ್ ಕೊಡುವ ಪಟ್ಟಿಯಲ್ಲಿ ಫಿನೀಷಿಯಾ, ಪ್ಯಾಲೆಸ್ಟೈನ್, ಸೈಪ್ರಸ್ ಸೇರಿದ ಐದನೆಯ ಪ್ರಾಂತ ವರ್ಷಕ್ಕೆ 350 ಟ್ಯಾಲೆಂಟ್ ಬೆಳ್ಳಿ ತೆರಬೇಕಿತ್ತು. ಎಜ್ರ ಗ್ರಂಥದ ಅರಾಮಿಕ್ ಭಾಗದಲ್ಲಿ ಮಿಂದಾ, ಬೆಲೋ, ಹಲಾಕ್ ಎಂಬ ಮೂರು ತೆರಿಗೆಗಳ ಹೆಸರು ಒಟ್ಟಿಗೆ ಬರುತ್ತವೆ, ನಮ್ಮ ಶಾಸನಗಳಲ್ಲಿ ಸಿದ್ಧಾಯ, ಸುಂಕಗಳು ಬರುವಂತೆ. ಏಳನೆಯ ಅಧ್ಯಾಯದಲ್ಲಿ ಯಾಜಕರಿಗೂ ದೇವಾಲಯದ ಊಳಿಗದವರಿಗೂ ಈ ಮೂರೂ ಮಾಫಿಯಾಗಿವೆ, ಥೇಟ್ ಸರ್ವಮಾನ್ಯ. ಮಾನ್ಯ ಸಿಕ್ಕಿದ್ದು ದೇವಾಲಯಕ್ಕೆ, ಗೋಳಿಟ್ಟವರು ರೈತರು. ನೆಹೆಮೀಯನ ಒಂಬತ್ತನೆಯ ಅಧ್ಯಾಯದ ಪ್ರಾರ್ಥನೆಯಲ್ಲಿ ಇದೇ ಜನ, ಪಿತೃಗಳಿಗೆ ಕೊಟ್ಟ ನಾಡಿನಲ್ಲಿಯೇ ನಾವು ದಾಸರಾಗಿದ್ದೇವೆ, ಇದರ ಹುಟ್ಟುವಳಿ ಅರಸರ ಪಾಲಾಗುತ್ತಿದೆ ಎಂದು ಸ್ಪಷ್ಟವಾಗಿ ಹೇಳಿಕೊಂಡಿದ್ದಾರೆ.

ಯಾಜಕನೂ ಶಾಸ್ತ್ರಿಯೂ ಆದ ಎಜ್ರ ಬಾಬಿಲೋನಿನಿಂದ ಜೆರೂಸಲೇಮಿಗೆ ಬಂದದ್ದು ಅರ್ತಷಸ್ತನ ಏಳನೆಯ ವರ್ಷದಲ್ಲಿ. ಅದು ಮೊದಲನೆಯ ಆರ್ಟಾಕ್ಸೆರ್ಕ್ಸಿಸ್ ಆದರೆ 458, ಎರಡನೆಯವನಾದರೆ 398. ಬಳಗದಲ್ಲಿ ಇದಕ್ಕಾಗಿ ಜಗಳವಾಡಿ ಕಾಫಿ ಆರಿಸಿಕೊಳ್ಳುವುದು ವ್ಯರ್ಥ. ಎರಡನ್ನೂ ಪೆನ್ಸಿಲ್ಲಿನಲ್ಲಿ ಬರೆದಿಡಿ.

ಕೊನೆಯ ಅಭ್ಯಾಸ

ಈಜಿಪ್ಟಿನ ಆಸ್ವಾನ್ ಬಳಿ, ನೈಲ್ ನದಿಯ ಎಲಿಫಂಟೈನ್ ದ್ವೀಪದಲ್ಲಿ ಪರ್ಷಿಯನ್ನರ ಸೇವೆಯಲ್ಲಿದ್ದ ಯೆಹೂದ್ಯ ಸೈನಿಕರ ಒಂದು ನೆಲೆಯಿತ್ತು, ಅವರಿಗೊಂದು ದೇವಾಲಯವೂ ಇತ್ತು. ಕ್ರಿ.ಪೂ. 410ರಲ್ಲಿ ಖ್ನೂಮ್ ದೇವರ ಅರ್ಚಕರ ಚಿತಾವಣೆಯಿಂದ ಅದು ನೆಲಸಮವಾಯಿತು. 407ರಲ್ಲಿ ಅವರು ಯೆಹೂದ್ ಜಿಲ್ಲೆಯ ಅಧಿಪತಿ ಬಗೋಹಿಗೆ ಬರೆದ ಅರಾಮಿಕ್ ಅರ್ಜಿಯ ಪ್ರತಿ ಉಳಿದಿದೆ. ಸಮಾರ್ಯದ ಅಧಿಪತಿ ಸನ್ಬಲ್ಲಟನ ಮಕ್ಕಳಾದ ದೆಲಾಯ ಮತ್ತು ಶೆಲೆಮ್ಯರಿಗೂ ಬರೆದಿದ್ದೇವೆ ಎಂದು ಅದರಲ್ಲಿದೆ. ನೆಹೆಮೀಯನ ಗ್ರಂಥದಲ್ಲಿ ಗೋಡೆಗೆ ಅಡ್ಡಬಂದ ಖಳನಾಗಿ ಕಾಣುವ ಸನ್ಬಲ್ಲಟ ಇಲ್ಲಿ ಗೌರವದಿಂದ ಹೆಸರಿಸಬೇಕಾದ ಅಧಿಕಾರಿ.

ಇದರ ಅನುವಾದವನ್ನು ಮಿಲ್ಲರ್ಸ್ ರಸ್ತೆಯ ಯುನೈಟೆಡ್ ಥಿಯಲಾಜಿಕಲ್ ಕಾಲೇಜಿನಂಥ ಕಡೆಯ ಗ್ರಂಥಾಲಯಗಳಲ್ಲಿ ಹುಡುಕಬಹುದು, ಪ್ರವೇಶದ ಬಗ್ಗೆ ಮೊದಲೇ ವಿಚಾರಿಸಿಕೊಂಡು ಹೋಗುವುದು ಲೇಸು. ಅರ್ಜಿಯನ್ನೂ ಅದಕ್ಕೆ ಬಂದ ಉತ್ತರವನ್ನೂ ಅಕ್ಕಪಕ್ಕ ಇಟ್ಟುಕೊಳ್ಳಿ. ಉತ್ತರ ಕೆಲವೇ ಸಾಲುಗಳ ಒಂದು ಜ್ಞಾಪನ. ಅಹ್ಮೆತಾದ ಸುರುಳಿಯ ತಲೆಬರಹಕ್ಕೂ ಇದರ ತಲೆಬರಹಕ್ಕೂ ಇರುವುದು ಒಂದೇ ಧಾತುವಿನ ಅರಾಮಿಕ್ ಪದ. ಅರ್ಜಿಯಲ್ಲಿ ಧಾನ್ಯನೈವೇದ್ಯ, ಧೂಪ, ಸರ್ವಾಂಗಹೋಮ ಎಂದು ಮೂರನ್ನು ಕೇಳಿದ್ದಾರೆ. ಬಗೋಹಿಯೂ ದೆಲಾಯನೂ ಹೇಳಿ ಕಳಿಸಿದ ಉತ್ತರದಲ್ಲಿ ದೇವಾಲಯವನ್ನು ಮೊದಲಿದ್ದ ಜಾಗದಲ್ಲೇ ಕಟ್ಟಿ, ಧಾನ್ಯನೈವೇದ್ಯವನ್ನೂ ಧೂಪವನ್ನೂ ಅರ್ಪಿಸಿ ಎಂದಿದೆ. ಮೂರನೆಯದನ್ನು ಯಾರು, ಯಾರ ಒತ್ತಾಯಕ್ಕೆ ಬಿಟ್ಟರೆಂದು ಒಂದು ಪುಟ ಬರೆದು ತನ್ನಿ ಎಂದು ನಮ್ಮ ಬಳಗದಲ್ಲಿ ಹೇಳಿದ್ದೆವು. ಏಳು ಮಂದಿ ಏಳು ಉತ್ತರ ತಂದರು, ಅದರಲ್ಲಿ ಮೂರು ಜೆರೂಸಲೇಮಿನ ಯಾಜಕರ ಕಡೆ ಬೊಟ್ಟು ಮಾಡಿದವು.